ಮ್ಯಾಲಿನ ಒಂದು ರೂಪಾಯಿ

ಕಂತು ೬

"ಮುನ್ನೂರಾ ಎಂಬತ್ತಾರು," ಅಂದೆ ನಾನು, ಕಡೀ ರೂಪಾಯಿನೂ ಕರಿ ಕಂಬಳಿ ಮ್ಯಾಲ ಇಟ್ಟು. "ಎರಡ ಸಲ ಎಣಿಸೇನಿ. ಸಂಶೆ ಇದ್ರ ನೀವೂ ಎಣಿಸ್ರಿ."

ಕಾಮಣ್ಣ ಎಣಿಸಾಕ ಬರಲಿಲ್ಲ. ಬೀರಪ್ಪನ ಗುಡಿ ಪಂಚರಿಗೆ ಆಂವ ಹಿರ್ಯಾ, ಬನಹಟ್ಟಿಯೊಳಗ ಪವರ್‌ಲೂಮಿನ ಧಣಿ. ಚಿಲ್ಲರ ಮುಟ್ಟೂ ಕೈಯಲ್ಲ ಅದು.

"ಚಿಲ್ಲರ ಎಣಿಸಿ ಏನ್ ಮಾಡಾವ್ರರಿ ಅಕ್ಕೋರ? ಹೋಗಿದ್ದು ನೋಟು. ಕದ್ದಾಂವ ಅಲ್ಲಿ ಕಂಬಕ್ಕ ಆತು ಕುಂತಾನ. ದೀಪ ಹಚ್ಚೂದ್ರೊಳಗ ಹವಾಲ್ದಾರ ಜಕ್ಕಪ್ಪಗ ಫೋನ್ ಮಾಡ್ತೇನಿ, ಇವನ್ನ ಅವರ ಕೈಯಾಗ ಕೊಡ್ತೇನಿ. ಆತು, ಮುಗೀತು."

ಅಂಗಿ ಕಿಸೆದಾಗಿನ ಮೊಬೈಲ್ ತಗದು ಎಲ್ಲಾರಿಗೂ ಕಾಣೂವಂಗ ತೊಡಿ ಮ್ಯಾಲ ಇಟ್ಕೊಂಡ.

ನಿನ್ನೆ ಅಮಾಸಿ ದಿನ, ಗುಡಿಗೆ ಸ್ಲ್ಯಾಬ್ ಹಾಕಾಕ ಮಂದಿ ಕೊಟ್ಟ ಪಟ್ಟಿ ರೊಕ್ಕದ ಹುಂಡಿ ತಗದ್ರ ಒಳಗ ಬರೇ ರೂಪಾಯಿ ಬಿಲ್ಲೆ. ನೋಟು ಒಂದೂ ಇಲ್ಲ, ಕೀಲಿ ಮಾತ್ರ ಹಾಕಿದ್ದು ಹಾಕಿದಂಗ ಇತ್ತು.

ಕಂಬಕ್ಕ ಆತು ಕುಂತಾಂವ ಚಿದಾನಂದ. ಸಂತಿ ರಸ್ತೇದಾಗ ವೆಲ್ಡಿಂಗ್ ಅಂಗಡಿ ಐತಿ. ಅಮಾಸಿ ಹಿಂದಿನ ದಿನ ಮುಂಜಾನೆ ಹುಂಡಿ ಮುಚ್ಚಳ ಸಡಲ ಆಗೇತಿ ಅಂತ ಕರಿಸಿದ್ರು, ಬಂದು ಬೆಸದು ಹೋಗಿದ್ದ. ಅಷ್ಟ ಸಾಕಾತು ಊರಿಗೆ. ಮುಚ್ಚಳ ಬೆಸ್ಯಾಕ ಬಂದಾವಗ ತಗ್ಯಾಕ ಬರೂದಿಲ್ಲೇನು ಅಂದ್ರು.

ಅವನ ಹೇಂತಿ ಅಕ್ಷತಾ ನನ್ನ ಮಗ್ಗಲದಾಗ ನನ್ನ ಕೈ ಹಿಡಕೊಂಡ ಕುಂತಿದ್ಲು. ಒಂದಾನೊಂದು ಕಾಲಕ್ಕ ಸಾಲ್ಯಾಗ ನನ್ನ ಹಂತ್ಯಾಕ ಮಗ್ಗಿ ಕಲತಾಕಿ. ಮುಂಜಾನೆ ಬಂದು ಹೊಸ್ತಲಾ ದಾಟದನ ಅತ್ತಿದ್ಲು. "ಅಕ್ಕೋರ, ಪೊಲೀಸ್ ಠಾಣೆ ಮೆಟ್ಟಲಾ ಹತ್ತಿದ ವೆಲ್ಡಿಂಗದಾಂವಗ ಯಾರ್ರಿ ತಿಜೋರಿ ಕೆಲಸ, ಬಾಗಲಾ ಕೆಲಸ ಕೊಡ್ತಾರ? ನಮ್ಮ ಅಂಗಡಿ ಹೋತ್ರಿ," ಅಂದಿದ್ಲು.

ನಮ್ಮ ಮನಿಯವರು, ಶಶಿಕಾಂತ, ಚಾ ಕುಡಕೋತ ಅಂದಿದ್ರು: "ಮಂದಿ ಉಸಾಬರಿ ನಮಗ್ಯಾಕ ಶೈಲಾ?" ನನಗ ಸಿಟ್ಟ ಬಂತು. ಸಿಟ್ಟು ನನ್ನ ಮೂಗಿನ ತುದೀಗೇ ಇರ್ತೈತಿ, ಸುಳ್ಳ ಯಾಕ ಹೇಳ್ಲಿ. ಆದ್ರ ಅವರನ್ನ ಬೈಯ್ಯಾಕ ಮನಸಾಗಲಿಲ್ಲ. ತಿಂಗಳಾನುಗಟ್ಟಲೆ ನಿಂತಿದ್ದ ನಮ್ಮ ಎರಡ ಮಗ್ಗ ನಿನ್ನೆ ಮಧ್ಯಾಹ್ನದಿಂದ ಖಟಪಟ ಅನ್ನಾಕತ್ತಿದ್ವು. ಯಾರೋ ಉದ್ರಿ ನೂಲು ಕೊಟ್ಟಾರಂತ. ಬಾಳ ದಿನಕ್ಕ ಅವರ ಮಾರಿ ಒಂದೀಟ ಅರಳಿತ್ತು.

ಈಗ ಅವರೂ ಇಲ್ಲೇ ಇದ್ರು, ಪಂಚರ ಲೆಕ್ಕ ಬರಿಯಾವ್ರು ಅಂತ, ಕಾಮಣ್ಣನ ಎಡಕ್ಕ.

"ಕಾಮಣ್ಣಾರ, ಒಂದ ಮಾತ ಹೇಳ್ರಿ," ಅಂದೆ. "ಕದ್ದಾಂವ ನೋಟ ಎಲ್ಲಾ ಬಳಕೊಂಡ. ಮುನ್ನೂರಾ ಎಂಬತ್ತಾರ ರೂಪಾಯಿ ಯಾಕ ಬಿಟ್ಟ?"

"ಭಾರ ಆಗ್ತಾವ. ಝಣಝಣ ಅಂತಾವ."

"ಚಿದಾನಂದ ದಿನಾ ಕಬ್ಬಿಣ ಹೊರಾಂವ. ಅವಗ ಒಂದು ಚೀಲ ರೂಪಾಯಿ ಭಾರ ಆದ್ವಾ?"

ಯಾರೋ ಕಿಸಕ್ ಅಂದ್ರು. ಕಾಮಣ್ಣ ನಗಲಿಲ್ಲ.

ನಮ್ಮ ಮಂದೀ ರೂಢಿ ನಿಮಗ ಗೊತ್ತ ಐತಿ. ಬರೇ ಸೊನ್ನಿಗೆ ನಿಂತ ರೊಕ್ಕ ದೇವರಿಗೆ ಕೊಡೂದಿಲ್ಲ. ಐವತ್ತಲ್ಲ, ಐವತ್ತೊಂದು. ನೂರಲ್ಲ, ನೂರಾಒಂದು. ಈ ಪಟ್ಟಿಗೂ ಎರಡ ದರ ಇಟ್ಟಿದ್ರು. ಐವತ್ತರದೊಂದ ನೋಟು ಇಲ್ಲಾ ನೂರರದೊಂದ ನೋಟು, ಮ್ಯಾಲೊಂದು ರೂಪಾಯಿ. ನೋಟು ಸ್ಲ್ಯಾಬಿಗೆ, ಮ್ಯಾಲಿನ ರೂಪಾಯಿ ಬೀರಪ್ಪಂದು. ದೇವರಿಗೆ ಕೊಟ್ಟದ್ದಕ್ಕ ಹೆಸರ ಬರಸಬಾರದು ಅಂತ ಹಿರ್ಯಾರ ಮಾತು, ಹಂಗಾಗಿ ಯಾರ ಎಷ್ಟ ಕೊಟ್ರು ಅಂತ ಎಲ್ಲೂ ಬರದಿಲ್ಲ.

"ರೂಪಾಯಿ ಬೀರಪ್ಪಂದು ಅಂತ ಅಂಜಿ ಬಿಟ್ಟಾರ," ಅಂದೆ. "ಹಂಗ ಅಂಜಾವ್ರು ಯಾರು? ಈ ಗುಡೀಗೆ ನಡಕೊಳ್ಳಾವ್ರು. ಚಿದಾನಂದನ ಮನಿ ದೇವರು ಬ್ಯಾರೆ. ಮ್ಯಾಲಿನ ರೂಪಾಯಿ ಬೀರಪ್ಪಂದು ಅನ್ನೂ ರೂಢಿನ ಅವಗ ಗೊತ್ತಿಲ್ಲ."

ಕಟ್ಟಿ ಮ್ಯಾಲ ಕುಂತಾವ್ರು ಒಬ್ಬರ ಮಾರಿ ಒಬ್ಬರು ನೋಡಲಿಲ್ಲ.

"ಹಂಗಾರ ನಮ್ಮ ಪೈಕಿನ ಕಳ್ಳ ಅಂತೀರಿ." ಕಾಮಣ್ಣನ ದನಿ ಇಳೀತು. "ಅಕ್ಕೋರ, ನಾಲಿಗಿ ಸಂಬಾಳಿಸ್ರಿ. ನಿನ್ನೆ ಮುಂಜಾನೆ ಈ ಮಗಾ ಕಬ್ಬಿಣದ ಅಂಗಡ್ಯಾಗ ಒಂಬತ್ತ ಸಾವಿರ ಕಟ್ಟ್ಯಾನ. ಎಲ್ಲಾ ಐವತ್ತು, ನೂರು. ಎಲ್ಲಿಂದ ಬಂತು?"

ಅದನ್ನ ನಾ ಕಾಯಾಕತ್ತಿದ್ದೆ. ಗುಡಿ ಹಾಸಗಲ್ಲಿನ ಮ್ಯಾಲ ಸುಣ್ಣದಕಡ್ಡಿ ತಗೊಂಡು ಬರದೆ. ಸೀರಿ ಸೆರಗಿನ ಗಂಟಿನ್ಯಾಗ ಸುಣ್ಣದಕಡ್ಡಿ ಇಲ್ಲದ ನಾ ಹೊರಗ ಬೀಳೂದಿಲ್ಲ.

"ಕಬ್ಬಿಣದ ಸಾವಕಾರ ಹೇಳ್ಯಾನ, ನೋಟು ಒಟ್ಟು ನೂರಾ ಹತ್ತು ಇದ್ದವು ಅಂತ. ಐವತ್ತರವು ಎಷ್ಟು, ನೂರರವು ಎಷ್ಟು ಅಂತ ಅವಗ ನೆನಪಿಲ್ಲ. ಬರ್ರಿ, ಎಲ್ಲಾವೂ ನೂರರವ ಅಂತ ಹಿಡೀರಿ. ಎಷ್ಟಾತು?"

"ಹನ್ನೊಂದ ಸಾವಿರ," ಅಂದ ಭೀಮಶಿ. ಗುಡಿ ಪೂಜಾರಿ, ಎಳೇ ಮನಿಷ್ಯಾ. ಹುಂಡಿ ತಗಿಯೂ ಕೀಲಿಕೈ ಒಂದ ನಮೂನಿವು ಎರಡು, ಒಂದು ಅವನ ಮನ್ಯಾಗ, ಇನ್ನೊಂದು ಕಾಮಣ್ಣನ ಕಡೆ.

"ಇದ್ದದ್ದು ಒಂಬತ್ತ ಸಾವಿರ. ಎರಡ ಸಾವಿರ ಹೆಚ್ಚಾತು. ಒಂದು ನೂರರ ನೋಟ ತಗದು ಐವತ್ತರದು ಇಟ್ರ ಐವತ್ತ ಇಳೀತೈತಿ. ಎರಡ ಸಾವಿರ ಇಳಸಾಕ?"

"ನಲವತ್ತ ಸಲ ಇಡಬೇಕು."

"ಹಂಗಾರ ಐವತ್ತರವು ನಲವತ್ತು, ನೂರರವು ಎಪ್ಪತ್ತು. ಈಗ ಕೇಳ್ರಿ. ಇವತ್ತ ಮುಂಜಾನೆ ನಾ ರನ್ನ ಬೆಳಗಲಿಗೆ ಹೋಗಿದ್ದೆ. ಅಲ್ಲಿ ಗಿರಿಮಲ್ಲಪ್ಪ ಅನ್ನಾಂವ ಕಬ್ಬಿನ ಟ್ರ್ಯಾಲಿ ಬೆಸಸಿದ್ದಕ್ಕ ಚಿದಾನಂದಗ ಒಂಬತ್ತ ಸಾವಿರ ಕೊಟ್ಟಾನ. ಹೆಂಗ ಕೊಟ್ಟಿಯಪ್ಪಾ ಅಂದೆ. 'ನೂರರವು ಎಪ್ಪತ್ತ ಇದ್ದವ್ರಿ, ಉಳದದ್ದಕ್ಕ ಐವತ್ತರವು ಸೇರಿಸಿದೆ' ಅಂದ. ಕಬ್ಬಿಣದ ಸಾವಕಾರಗ ಗಿರಿಮಲ್ಲಪ್ಪ ಯಾರಂತ ಗೊತ್ತಿಲ್ಲ. ಇಬ್ಬರ ಮಾತೂ ಒಂದ ಲೆಕ್ಕಕ್ಕ ಹೊಂದತಾವ. ಅದು ಟ್ರ್ಯಾಲಿ ರೊಕ್ಕ, ನಿಮ್ಮ ಹುಂಡೀದಲ್ಲ."

ಅಕ್ಷತಾ ನನ್ನ ಕೈ ಗಟ್ಟಿಯಾಗಿ ಹಿಚುಕಿದ್ಲು. ಕಂಬದ ಕಡಿಂದ ಚಿದಾನಂದ ಮೊದಲನೇ ಸಲ ತಲಿ ಎತ್ತಿ ನೋಡಿದ.

"ಸಾಲಿ ಲೆಕ್ಕ ಸಾಲ್ಯಾಗ ಇಡ್ರಿ," ಅಂದ ಕಾಮಣ್ಣ. "ಹೋದದ್ದು ಎಷ್ಟಂತ ಯಾರಿಗೂ ಗೊತ್ತಿಲ್ಲ. ಒಂಬತ್ತ ಸಾವಿರ ಅಲ್ಲಿಂದ ಬಂದ್ರ ಬಂತು, ಮಿಕ್ಕದ್ದು ಮನ್ಯಾಗ ಹುಗದಿದ್ದಾನು."

"ಹೋದದ್ದು ಎಷ್ಟಂತ ಹೇಳ್ಲೇನು?"

ಆಗ ನೋಡ್ರಿ, ಎಲ್ಲಾರೂ ಮುಂದ ಸರದ್ರು. ಇದ ನನ್ನ ಬಲಿ. ಬೇಕಂತನ ಒಡ್ಡಿದ್ದು.

"ಭೀಮಶಿ, ನೂರಾಒಂದು ಹಾಕಿದವರಿಗೆ ನೀ ಕೈಗೆ ಕರೀ ಉಣ್ಣಿ ದಾರ ಕಟ್ಟ್ತಿದ್ದಿ. ಐವತ್ತೊಂದಕ್ಕ ಹಣಿಗೆ ಬರೇ ಭಂಡಾರದ ಅರಿಷಿಣ. ಹೌದಿಲ್ಲೋ? ದಾರ ಎಷ್ಟ ಹೊಸದಿದ್ದಿ?"

"ಇನ್ನೂರ್ರಿ ಅಕ್ಕೋರ. ಇಪ್ಪತ್ತಾರು ಉಳದಾವ."

"ಅಂದ್ರ ನೂರಾ ಎಪ್ಪತ್ನಾಕ ಮಂದಿ ನೂರಾಒಂದು ಹಾಕ್ಯಾರ. ಒಟ್ಟ ಮಂದಿ ಎಷ್ಟು? ರೂಪಾಯಿ ಎಷ್ಟೋ ಅಷ್ಟು. ಮುನ್ನೂರಾ ಎಂಬತ್ತಾರು. ಎಲ್ಲಾರೂ ಐವತ್ತರದೊಂದು ಹಾಕ್ಯಾರಂತ ಹಿಡದ್ರ ಹತ್ತೊಂಬತ್ತ ಸಾವಿರದಾ ಮುನ್ನೂರು. ನೂರಾ ಎಪ್ಪತ್ನಾಕ ಮಂದಿ ತಲಾ ಐವತ್ತ ಹೆಚ್ಚಿಗಿ ಹಾಕ್ಯಾರ, ಅದು ಎಂಟ ಸಾವಿರದಾ ಏಳನೂರು. ಎರಡೂ ಕೂಡಸ್ರಿ."

ಹಾಸಗಲ್ಲಿನ ಮ್ಯಾಲ ದೊಡ್ಡದಾಗಿ ಬರದೆ: ೨೮,೦೦೦.

ಉತ್ತರ ಎಷ್ಟ ಚಂದ ಬಂತು ನೋಡ್ರಿ! ಆದ್ರ ಅದು ತಪ್ಪು. ತಪ್ಪಂತ ನನಗ ಗೊತ್ತಿತ್ತು. ಯಾಕಂದ್ರ ಒಂದಿನ ಸಾಲೀಗೆ ಹೋಗೂ ಮುಂದ ನಾನೂ ನೂರಾಒಂದು ಹಾಕಿದ್ದೆ. ಭೀಮಶಿ ಅವತ್ತ ಯಾರದೋ ಲಗ್ನಕ್ಕ ಹೋಗಿದ್ದ, ದಾರ ಕಟ್ಟಾವ್ರ ಇರಲಿಲ್ಲ. ನನ್ನಂಗ ಇನ್ನ ಯಾರಾರ ಹಾಕಿದ್ರೋ ಏನೋ, ಆ ಬೀರಪ್ಪನ ಬಲ್ಲ. ಹಂಗಾಗಿ ದಾರದ ಲೆಕ್ಕ ಹಿಡದಾವ್ರಿಗೆ ಇಪ್ಪತ್ತೆಂಟ ಸಾವಿರ ಬರತೈತಿ. ಅದಕ್ಕಿಂತ ಹೆಚ್ಚಿಂದು ಹೇಳಬೇಕಂದ್ರ ನೋಟು ಕೈಯಾಗ ಹಿಡದು ಎಣಿಸಿರಬೇಕು.

ಈ ಮಾತು ನಾ ಯಾರಿಗೂ ಹೇಳಿರಲಿಲ್ಲ. ಮನಿಯವರಿಗೂ ಇಲ್ಲ. ಮನಿ ಮಗ್ಗ ನಿಂತಾಗ ನೂರಾಒಂದು ಹಾಕಿದ್ದು ಗೊತ್ತಾದ್ರ ಬೈತಿದ್ರು.

"ಕಾಮಣ್ಣಾರ, ನಿಮ್ಮ ಅಂದಾಜಿಗೆ ಹೊಂದತೈತೇನು?"

"ನಾ ಮೂವತ್ತ ಸಾವಿರದ ಸುಮಾರ ಅಂದ್ಕೊಂಡಿದ್ದೆ." ಹೆಗಲ ಮ್ಯಾಲಿನ ಟವೆಲ್ ಸರಿ ಮಾಡ್ಕೊಂಡ. ಕುಂಬಳಕಾಯಿ ಕಳ್ಳ ಅಂದ್ರ ಹೆಗಲ ಮುಟ್ಟಿ ನೋಡ್ಕೊಂಡಂಗ ಕಂಡಿತು ನನಗ. ಒಂದ ಕೀಲಿ ಇವನ ಕಡೆ, ಫೋನಿನ ಅವಸರ ಇವಗ. ನನ್ನ ಸಂಶೆ ಎಲ್ಲಾ ಇವನ ಮ್ಯಾಲ ಇತ್ತು, ಮುಚ್ಚಿಡೂದ್ಯಾಕ.

"ಭೀಮಶಿ, ನೀ?"

"ನೀವ್ ಹೇಳಿದ್ದ ಖರೆ ಇರಬೇಕ್ರಿ."

"ನೀವ್ರಿ?" ಅಂತ ಮನಿಯವರ ಕಡೆ ನೋಡಿದೆ. ಪಂಚರಾಗ ಒಬ್ಬರು ಅಂದಮ್ಯಾಲ ಕೇಳೂದು ಕೇಳಬೇಕಲ್ಲ.

"ಇಪ್ಪತ್ತೆಂಟ ಸಾವಿರ ಆತಲ್ಲ. ಮುಗಸು ಇನ್ನ. ಹೊತ್ತ ಹೊಂಟೈತಿ," ಅಂದ್ರು. ಲೆಕ್ಕದ ಮಾತು ಬ್ಯಾಸರ ಅವರಿಗೆ.

ಬಲಿ ಖಾಲಿ. ಯಾರೂ ಬೀಳಲಿಲ್ಲ. ಕಾಮಣ್ಣ ಮೊಬೈಲ್ ಕೈಗೆ ತಗೊಂಡ.

"ದೀಪದ ಬುಡಕ್ಕ ಕತ್ತಲಿ ಅಂತಾರ," ಅಂದೆ ನಾ ಸಿಟ್ಟಿಗೆದ್ದು. "ಗುಡಿ ಒಳಗಿನವರನ್ನ ಬಿಟ್ಟು ಹೊರಗಿನಾಂವನ್ನ ಹಿಡದ್ರ ದೀಪ ಹಚ್ಚಿ ಏನ ಉಪಯೋಗ?"

ಅಷ್ಟರಾಗ ಭೀಮಶಿ ಅವ್ವ, ತಂಗೆವ್ವ, ಚಾದ ತಾಟು ಹಿಡಕೊಂಡು ಬಂದ್ಲು. ಹಣಿ ತುಂಬ ಭಂಡಾರ, ಬಾಯಾಗ ಎಲಿಯಡಕಿ. ಹರೇದಾಗ ಸಂತ್ಯಾಗ ಬೆಣ್ಣಿ ಮಾರಿ ಮಗನ್ನ ಬೆಳಸಿದ ಮುದುಕಿ. ಎಲ್ಲಾರಿಗೂ ಕಪ್ಪು ಕೊಟ್ಟು ನನ್ನ ಹಂತ್ಯಾಕ ಬಂದು ಬಗ್ಗಿದ್ಲು, ಹಾಸಗಲ್ಲಿನ ಮ್ಯಾಲ ಬರದದ್ದು ನೋಡಿದ್ಲು. ಬ್ಯಾರೆ ಅಕ್ಷರ ಬರೂದಿಲ್ಲ ಆಕಿಗೆ, ಅಂಕಿ ಓದತಾಳ.

ನನ್ನ ಮಾರಿ ನೋಡಿ ಸಣ್ಣಗ ನಕ್ಕಳು. ನಮ್ಮಿಬ್ಬರಿಗೇ ಏನೋ ಗೊತ್ತಿದ್ದಂಗ.

"ಬೇಕಂತನ ತಪ್ಪ ಬರದೀರೇನ್ರಿ ಅಕ್ಕೋರ?" ಅಂದ್ಲು. "ಇಪ್ಪತ್ತೆಂಟ ಸಾವಿರದಾ ನೂರಾ ಐವತ್ತಲ್ರಿ?"

ಗುಡ್ಯಾಗ ಯಾರೂ ಚಾ ಕುಡೀಲಿಲ್ಲ.

ನೂರಾ ಐವತ್ತು. ದಾರ ಕಟ್ಟಿಸ್ಕೊಳ್ಳದ ನೂರಾಒಂದು ಹಾಕಿದ ಮೂರ ಮಂದಿಯ ಐವತ್ತು. ಒಬ್ಬಾಕಿ ನಾ.

"ಏನಂದಿ ಬೇ ಯವ್ವಾ?" ಅಂದೆ ನಾ.

ಆಕಿ ಬಾಯಿ ತೆರಿಯೂದ್ರೊಳಗ ಭೀಮಶಿ ಧಡಕ್ನ ಎದ್ದ. ಕೈಯಾಗಿನ ಕಪ್ಪು ಬಿದ್ದು ಒಡೀತು.

"ನಾ ತಗೊಂಡೇನ್ರಿ! ಅವ್ವಗೇನೂ ಗೊತ್ತಿಲ್ಲ. ನಾನ ಕೀಲಿ ತಗದು ನೋಟ ತಗೊಂಡೆ. ಅವ್ವನ ಮುಂದ ಎಣಿಸಿದ್ದೆ, ಅದಕ್ಕ ಆಕಿಗೆ ಗೊತ್ತೈತಿ. ನನ್ನ ಒಯ್ರಿ, ಆಕೀನ್ನ ಬಿಡ್ರಿ."

"ಏ ಹುಚ್ಚಾ, ಏನ ಒದರಾಕತ್ತಿ?" ಅಂದ್ಲು ತಂಗೆವ್ವ. "ಎಣಿಸಿದಾಕಿ ನಾನಲ್ಲೇನೋ!"

ಕಾಮಣ್ಣ ಎದ್ದು ನಿಂತ. ಮಂದಿ ಒದರಾಕತ್ತಿತು. ಪೂಜಾರಿ ಮನಿ, ಪೂಜಾರಿ ಮನಿ ಅಂತ ಒಂದ ಗದ್ದಲ. ನಾ ಸುಣ್ಣದಕಡ್ಡಿಲೆ ಕಲ್ಲಿಗೆ ಕುಟ್ಟಿದೆ, ಸಾಲ್ಯಾಗ ಕುಟ್ಟೂವಂಗ.

"ಸುಮ್ಮ ಕುಂದರ್ರಿ! ಇಬ್ಬರೊಳಗ ಒಬ್ಬರು ಸುಳ್ಳ ಹೇಳಾಕತ್ತಾರ. ಭೀಮಶಿ, ನೀ ತಗೊಂಡಿ ಅಂದಿ. ಐವತ್ತರ ನೋಟು ಎಷ್ಟಿದ್ದವು?"

ಅವನ ಕಣ್ಣು ಹಾಸಗಲ್ಲಿನ ಮ್ಯಾಲ ಓಡಾಡಿದವು. ಮುನ್ನೂರಾ ಎಂಬತ್ತಾರರಾಗ ನೂರಾ ಎಪ್ಪತ್ನಾಕ ಕಳೀತಿದ್ದ, ಪಾಪ, ತುಟಿ ಅಲಗಾಡಾಕತ್ತಿದ್ದವು.

"ಇನ್ನೂರಾ... ಇನ್ನೂರಾ ಹನ್ನೆರಡ್ರಿ."

"ಯವ್ವಾ, ನೀ ಹೇಳು."

ತಂಗೆವ್ವ ಯೋಚನಿನೂ ಮಾಡಲಿಲ್ಲ. "ಇನ್ನೂರಾ ಒಂಬತ್ತು. ಇಪ್ಪತ್ತಿಪ್ಪತ್ತರ ಗುಂಪಿ ಹತ್ತು, ಮ್ಯಾಲ ಒಂಬತ್ತು. ನೂರರವು ನೂರಾ ಎಪ್ಪತ್ತೇಳು."

ಬರದು ನೋಡಿದೆ. ನೂರರವು ಹದಿನೇಳ ಸಾವಿರದಾ ಏಳನೂರು. ಐವತ್ತರವು ಹತ್ತ ಸಾವಿರದಾ ನಾನೂರಾ ಐವತ್ತು. ಕೂಡಿದ್ರ ಇಪ್ಪತ್ತೆಂಟ ಸಾವಿರದಾ ನೂರಾ ಐವತ್ತು. ನೋಟಿನ ಒಟ್ಟು, ರೂಪಾಯಿ ಎಷ್ಟೋ ಅಷ್ಟ. ಒಂದೂ ಹೆಚ್ಚಿಲ್ಲ, ಒಂದೂ ಕಡಿಮಿಲ್ಲ.

ಮಗಾ ತಾಯಿನ್ನ ಉಳಸಾಕ ಸುಳ್ಳ ಹೇಳಿದ್ದ. ತಾಯಿ ಖರೆ ಹೇಳಿದ್ಲು. ನನ್ನ ಲೆಕ್ಕ ಗೆದ್ದಿತ್ತು. ಆದ್ರ ಈ ಮುದುಕಿ ಕೈಲೆ ಎಷ್ಟ ಸಲ ಬೆಣ್ಣಿ ತಿಂದೇನಿ ನಾ.

"ಯಾಕ ಮಾಡಿದಿ ಬೇ ಯವ್ವಾ? ಒಬ್ಬ ಬಡವ ನಿನ್ನೆಯಿಂದ ಕಳ್ಳ ಅನಿಸ್ಕೊಂಡು ಕುಂತಾನ, ನೀ ನೋಡ್ಕೋತ ಸುಮ್ಮಿದ್ದಿ."

ಆಕಿ ನಗು ಅಳಿಸಿ ಹೋತು. ನನ್ನ, ಕಾಮಣ್ಣನ್ನ, ಮತ್ತ ನನ್ನ ನೋಡಿದ್ಲು.

"ನೀವ ಹೇಳ್ತೀರಂತ ಕಾದೇನಲ್ರಿ ಅಕ್ಕೋರ. ಈಗ ಹೇಳ್ತಾರ, ಇನ್ನೊಂದೀಟಿಗೆ ಹೇಳ್ತಾರ ಅಂತ ನಿನ್ನೆಯಿಂದ ಕಾದೇನಿ. ಇನ್ನ ನಾನು ಬಾಯಿ ಬಿಡಲೇನ್ರಿ?"

"ಏನ ಹೇಳೂದು ನಾ?"

"ರೊಕ್ಕ ನಿಮ್ಮ ಮನ್ಯಾಗ ಐತಂತ."

ಅಕ್ಷತಾ ಹೊಳ್ಳಿ ನನ್ನ ಮಾರಿ ನೋಡಿದ್ಲು.

"ಅಮಾಸಿ ಹಿಂದಿನ ದಿನ ಸಂಜಿಮುಂದ ನಿಮ್ಮ ಮನಿಯವರು ಬಂದಿದ್ರಲ್ರಿ," ಅಂದ್ಲು ತಂಗೆವ್ವ. "ನೋಟು ಎಣಿಸಿ ಕೊಡು, ಅಕ್ಕೋರ ಬ್ಯಾಂಕಿನ್ಯಾಗ ಇಡತಾರ, ಗುಡ್ಯಾಗ ಇಷ್ಟ ರೊಕ್ಕ ಇಡೂದು ಬ್ಯಾಡ ಅಂದಾರ ಅಂದ್ರು. ಹುಂಡಿ ತಗದಮ್ಯಾಲ ಎಲ್ಲಾರ ಮುಂದ ಅಕ್ಕೋರ ಲೆಕ್ಕ ಒಪ್ಪಸ್ತಾರ, ಅಲ್ಲೀ ಮಟ ಯಾರ ಮುಂದೂ ಬಾಯಿ ಬಿಡಬ್ಯಾಡ ಅಂದ್ರು. ನಿಮ್ಮ ಹೆಸರ ಕೇಳಿ ಕೀಲಿ ತಗದೆ. ರೂಪಾಯಿನೂ ಕೊಡು ಅಂದ್ರು. ಅದನ್ನ ಮಾತ್ರ ಕೊಡಲಿಲ್ಲ ನಾ. ನೋಟ ಒಯ್ರಿ, ಮ್ಯಾಲಿನ ರೂಪಾಯಿ ಬೀರಪ್ಪಂದು, ಹುಂಡ್ಯಾಗನ ಇರಲಿ ಅಂದೆ."

ರೂಪಾಯಿ ಬಿಟ್ಟಾಂವ ಕಳ್ಳ ಅಲ್ಲ. ಬಿಡಿಸಿದಾಕಿ ಈ ಮುದುಕಿ.

ನಾ ಮನಿಯವರ ಕಡೆ ತಿರುಗಿದೆ. ಅವರು ನನ್ನ ನೋಡಲಿಲ್ಲ. ಹಾಸಗಲ್ಲಿನ ಮ್ಯಾಲ ಬರದ ಅಂಕಿ ಮ್ಯಾಲ ಅವರ ಹೆಬ್ಬಟ್ಟ ಇತ್ತು, ಕಾಲಿಂದು. ಒಂದು ಸೊನ್ನಿ ಅರ್ಧ ಅಳಿಸಿತ್ತು.

"ಮುದುಕಿಗೆ ಅರಳು ಮರಳು," ಅಂದ್ರು. "ಮಗನ್ನ ಉಳಸ್ಕೊಳ್ಳಾಕ ಬಾಯಿಗೆ ಬಂದದ್ದು ಹೇಳಾಕತ್ತಾಳ. ನನಗೇನ ಗೊತ್ತು?"

ಅರಳು ಮರಳಾದಾಕಿ! ಇನ್ನೂರಾ ಒಂಬತ್ತು ಐವತ್ತರ ನೋಟು ನೆನಪಿಟ್ಟ ಅರಳು ಮರಳು! ಅದನ್ನ ಈಗ ಊರ ಮುಂದ ಸಾಬೀತ ಮಾಡಿ ತೋರಿಸಿದಾಕಿ ನಾನ ಅಲ್ಲೇನು? ಆಕಿ ಸುಳ್ಳ ಹೇಳೂದಿಲ್ಲಂತ, ಆಕಿ ಕೈಯಾಗ ನೋಟು ಹಾದು ಹೋಗ್ಯಾವಂತ, ಕಲ್ಲಿನ ಮ್ಯಾಲ ಬರದು ತೋರಿಸಿದಾಕಿ ನಾನ.

ನಿನ್ನೆ ಮಧ್ಯಾಹ್ನ ಬಂದ ನೂಲು ನೆನಪಾತು. ಉದ್ರಿ ಅಂದಿದ್ರು. ಯಾರ ಕೊಟ್ರು ಅಂತ ನಾ ಕೇಳಿರಲಿಲ್ಲ. ಖಟಪಟ ಸಪ್ಪಳಾ ಕೇಳಿ ಖುಷಿಯಾಗಿ ಎರಡ ಚಪಾತಿ ಹೆಚ್ಚಿಗಿ ಮಾಡಿದ್ದೆ.

ಅಕ್ಷತಾ ನನ್ನ ಕೈ ಬಿಟ್ಲು. ಮೆಲ್ಲಕ ಎದ್ದು ಹೋಗಿ ಗಂಡನ ಮಗ್ಗಲದಾಗ ಕುಂತ್ಲು. ನನಗ ಬೈದಿದ್ರ ಛಲೋ ಇತ್ತು.

ಕಾಮಣ್ಣ ಗರ್ಭಗುಡಿಯಿಂದ ಭಂಡಾರದ ಬಟ್ಟಲಾ ತರಿಸಿ ನನ್ನ ಮುಂದ ಇಟ್ಟ. ಮೊಬೈಲಿನ ಗುಂಡಿ ಒತ್ತಿದ. ಆ ಕಡೆ ಗಂಟಿ ಬಾರಿಸೂದು ನನಗೂ ಕೇಳಾಕತ್ತಿತ್ತು.

"ನಿಮ್ಮ ಲೆಕ್ಕಾನ ನಾ ಒಪ್ಪಿದೆ ಅಕ್ಕೋರ," ಅಂದ. "ಈಗ ಭಂಡಾರ ಮುಟ್ಟಿ ಆಣಿ ಮಾಡಿ ನೀವ ಹೇಳ್ರಿ. ಜಕ್ಕಪ್ಪಗ ಯಾರ ಹೆಸರ ಹೇಳ್ಲಿ?"

ಫೋನಿನಾಗಿಂದ ಹವಾಲ್ದಾರನ ದನಿ ಬಂತು: "ಹಲೋ, ಯಾರ್ರೀ?"